ಪೆನ್ಸಿಲ್ಲಿಂದ ಗುರುತು ಹಾಕಿದ ಬಾವಿಗಳು

ಲಲಿತಕ್ಕಾರು ಒಂದು ವರ್ಷ ಪೆನ್ನು ಮುಟ್ಟಲಿಲ್ಲ. ಯಲಬುರ್ಗಾದ ಮಂದಿ ಯಾಕ, ಯಾಕ ಅಂತ ಕೇಳೋರು. ನನಗ ಗೊತ್ತಿತ್ತು, ಹೇಳಾಕ ಬಾಯಿ ಬರಲಿಲ್ಲ. ಈಗ ಹೇಳ್ತೀನಿ, ಉಗಳೋರು ಉಗಳ್ರಿ.

ನಾನು ವಿರುಪಾಕ್ಷಿ, ಬೋರ್‌ವೆಲ್ ಏಜೆಂಟ. ಅಕ್ಕಾರು ಸಾಲಿ ಟೀಚರ್ ಇದ್ರು, ನನಗ ಅಕ್ಷರ ತಿದ್ದಿಸಿದವ್ರು. ರಿಟೈರ್ ಆದ ಮ್ಯಾಲ ಮಂದಿ ಮೊಮ್ಮಕ್ಕಳನ್ನ ಆಡಿಸ್ತಾರ, ಇವ್ರು ಬಾವಿ ಹುಡುಕ್ಕೊಂಡು ಹೊಂಟ್ರು! ಮೊಳಕ್ಕೊಂದು ಗಂಟು ಹಾಕಿದ ಹಗ್ಗ, ತುದಿಗೆ ಕಲ್ಲು. ಕುಷ್ಟಗಿಯಿಂದ ನಮ್ಮ ಕಡೆ ಮಂಗಳೂರು ಅನ್ನೋ ಹಳ್ಳಿ ತನಕ ಊರೂರು ತಿರುಗಿ, ಬಾವ್ಯಾಗ ಹಗ್ಗ ಬಿಟ್ಟು, ತೊಯ್ದ ಗಂಟು ಎಣಿಸಿ ಬರ್ಕೊಳ್ಳೋರು. ಮಾರೆವ್ವ ಅನ್ನಾಕಿ ಇರೋ ಕೇರಿ ಬಾವಿಗೆ ಸಾವ್ಕಾರ ಒಬ್ಬಾಂವ ಬೇಲಿ ಹಾಕಿದ್ದ. ಅದನ್ನ ತೆಗಸಾಕ ತಹಸೀಲ್ದಾರ ಆಫೀಸಿನ ಮುಂದ ಹನ್ನೊಂದು ದಿನ ಕುಂತ್ರು, ತೆಗಸೇ ಎದ್ರು. ಆಗೆಲ್ಲಾ ಅವ್ರನ್ನ ಗಾಡಿ ಮ್ಯಾಲ ಕರ್ಕೊಂಡು ತಿರುಗ್ಯಾಡಿದಾಂವ ನಾನ.

ಆಮ್ಯಾಲ ಅಷ್ಟನ್ನೂ ಪುಸ್ತಕ ಮಾಡಿದ್ರು. ಯಾವ ಊರ ಬಾವಿ, ಎಷ್ಟು ಆಳ, ಕಡು ಬ್ಯಾಸಿಗ್ಯಾಗ ಎಷ್ಟು ನೀರು ಉಳಿತೈತಿ. "ದಾಖಲಿ ಇದ್ರ ಊರ ನೀರು ಯಾರೂ ನುಂಗಾಕ ಆಗಂಗಿಲ್ಲೋ" ಅಂತ ಮೊದಲ್ನೇ ಪ್ರತಿ ನನ್ನ ಕೈಯಾಗ ಇಟ್ರು.

ನುಂಗಿದಾಂವ ನಾನ ನೋಡ್ರಿ. ಆ ಹೊತ್ತಿಗೆ ಬೋರಿನ ಧಂದೆಕ್ಕ ಇಳಿದಿದ್ದೆ. ಬ್ಯಾಸಿಗ್ಯಾಗೂ ಬತ್ತಂಗಿಲ್ಲ ಅಂತ ಬರದಿದ್ದ ಬಾವಿಗೆಲ್ಲಾ ಪೆನ್ಸಿಲ್ಲಿಂದ ಗುರುತು ಹಾಕಿದೆ. ಅಂಥಾ ಬಾವಿ ಬಾಜೂಕ ಕೊರದ್ರ ನೀರು ಬೀಳೋದು ಖಾತ್ರಿ. ಮಾರೆವ್ವನ ಬಾವಿ ಸುತ್ತಲಿನ ಹೊಲದಾಗ ಇಲ್ಲಿ ಕೊರಸ್ರಿ ಅಂತ ನಾಕು ಪಾಯಿಂಟ್ ಹೇಳಿದೆ. ಹೊರಗಿನ ಬೋರ್ ಗಾಡಿ ಬಂದು ಕೊರದ್ವು. ನನ್ನ ಹೆಸರು ಎಲ್ಲೂ ಎತ್ತಬ್ಯಾಡ್ರಿ ಅಂತ ಹೊಲದವ್ರಿಗೆ ಹೇಳಿಟ್ಟಿದ್ದೆ. ಥೂ, ನನ್ನ ಜನ್ಮಕ್ಕಿಷ್ಟು!

ಮುಂದಿನ ಬ್ಯಾಸಿಗ್ಯಾಗ ಅಕ್ಕಾರು ಆ ಬಾವ್ಯಾಗ ಹಗ್ಗ ಬಿಟ್ರ ಕಲ್ಲು ಟಣ್ ಅಂತು. ಒಂದು ಗಂಟೂ ತೊಯ್ದಿರಲಿಲ್ಲ. ಬಾವಿ ನೀರೆಲ್ಲಾ ಆ ಬೋರು ಎಳಕೊಂಡಿದ್ವು.

"ಯಾರೋ ನನ್ನ ಪುಸ್ತಕ ನೋಡಿ ಕೊರಸ್ಯಾರ. ಕಳ್ಳರಿಗೆ ದಾರಿ ತೋರಿಸಿದಾಕಿ ನಾನ" ಅಂತ ಬಾವಿ ಕಟ್ಟಿ ಮ್ಯಾಲ ಕುಂತು ಅತ್ರು. "ನಿನಗೇನರ ಗೊತ್ತೇನೋ?" ಅಂದ್ರು.

"ಇಲ್ರಿ ಅಕ್ಕಾರ" ಅಂದೆ.

ಅವತ್ತಿಂದ ಬರಿಯೋದು ಬಂದ್. ಎರಡನೇ ಪುಸ್ತಕ ಅರ್ಧಕ್ಕ ನಿಂತಿತು. ಕೊಟ್ಟ ಪ್ರತಿನೆಲ್ಲಾ ಮನಿ ಮನಿಗೆ ಹೋಗಿ ವಾಪಸ್ ಇಸ್ಕೊಳ್ಳಾಕ ಹತ್ತಿದ್ರು. ಹೋದ ತಿಂಗಳು ನನ್ನ ಬಾಗಲಿಗೂ ಬಂದ್ರು.

ಕಳದೈತಿ ಅಂತ ಇನ್ನೊಂದು ಸುಳ್ಳು ನಾಲಿಗಿ ತುದಿಗೆ ಬಂದಿತ್ತು. ಬಿಸಿಲಾಗ ನಡ್ಕೊಂತ ಬಂದ ಅವ್ರ ಮಾರಿ ನೋಡಿ ಆಗ್ಲಿಲ್ಲ. ಒಳಗಿಂದ ತಂದು ಕೊಟ್ಟೆ. ಪುಟ ತಿರುವಿದ್ರು. ಗುರುತು, ಬಾಜೂಕ ಬೋರು ಎಷ್ಟು ಫೂಟು ಅಂತ ನಾ ಬರ್ಕೊಂಡಿದ್ದು. ತಾವ ತಿದ್ದಿಸಿದ ಅಕ್ಷರ, ಅವ್ರಿಗೆ ಗುರ್ತು ಹತ್ತಂಗಿಲ್ಲೇನ್ರಿ?

ಅಕ್ಕಾರು ಪುಸ್ತಕ ಮುಚ್ಚಿ ನನಗ ವಾಪಸ್ ಕೊಟ್ರು.

"ಮಾರೆವ್ವಗ ಓದಾಕ ಬರಂಗಿಲ್ಲ. ನೀ ಹೋಗಿ ಓದಿ ಹೇಳು. ನಿನ್ನ ಪೆನ್ಸಿಲ್ಲಿನದೂ ಬಿಡಬ್ಯಾಡ."

ಹೋದೆ. ಮಾರೆವ್ವ ಎರಡು ಮೈಲು ದೂರದಿಂದ ಕೊಡ ಹೊತ್ಕೊಂಡು ಆಗಷ್ಟ ಬಂದಿದ್ಲು. ನನ್ನ ನೋಡಿ, "ಬಾ ಯಪ್ಪಾ, ಬಿಸಿಲಾಗ ಬಂದಿ" ಅಂತ ಕೊಡ ಇಳಿಸಿ ತಂಬಿಗಿ ತುಂಬ ನೀರು ಕೊಟ್ಲು. ಬ್ಯಾಡ ಅಂದ್ರ ಕೇಳ್ಲಿಲ್ಲ. ಕುಡಿದೆ. ಆಮ್ಯಾಲ ಓದಿದೆ, ಎಲ್ಲಾ ಓದಿದೆ. ಗುರುತು ಹಾಕಿದಾಂವ ನಾನ ಅಂತನೂ ಹೇಳಿದೆ.

ಮಾರೆವ್ವ ಸೆರಗಿಲೆ ಹಣಿ ಬೆವರು ಒರಿಸ್ಕೊಂಡ್ಲು.

"ಅಂದ್ರ ಅಕ್ಕಾರದು ಏನೂ ತಪ್ಪಿಲ್ಲ" ಅಂದ್ಲು. "ಪಾಪ, ಸುಮ್ಮಸುಮ್ಮನ ಸೊರಗ್ಯಾರ. ಬರಿಯಾಕ ಹೇಳು ಅವ್ರಿಗೆ."

ನನ್ನ ಕೈಯಾಗಿನ ಖಾಲಿ ತಂಬಿಗಿ ನೋಡಿದ್ಲು.

"ಇನ್ನೊಂದೀಟು ಹಾಕ್ಲೇನು?"