ಮಾಲೀಕರ ಮಗಳ ಸಾಕ್ಷಿ

ತೊಂಬತ್ತರ ದಶಕದಲ್ಲಿ ನಾವು ಕೊಟ್ಟೂರಿನ ಒಂದು ಬಾಡಿಗೆ ಮನೆಯಲ್ಲಿದ್ದೆವು. ನನ್ನ ಗಂಡ ಹತ್ತಿ ಗಿರಣಿಯಲ್ಲಿ ಕೆಲಸಕ್ಕಿದ್ದರು. ಅತ್ತೆ ಲಕ್ವ ಹೊಡೆದು ಹಾಸಿಗೆ ಹಿಡಿದಿದ್ದರು. ನಮ್ಮ ಗೋಡೆಗೆ ಹೊಂದಿಕೊಂಡೇ ಮಾಲೀಕರ ಮನೆ. ಅವರ ಒಬ್ಬಳೇ ಮಗಳು ಗಂಡನ ಹೊಡೆತ ತಾಳಲಾರದೆ ಹರಪನಹಳ್ಳಿಯಿಂದ ತವರಿಗೆ ಬಂದಳು. ಸ್ವಲ್ಪ ದಿನಕ್ಕೆ ನಮಗೆ ಕೂಡ್ಲಿಗಿ ಕೋರ್ಟಿನ ನೋಟಿಸು ಬಂತು. ಮಗಳ ವಾಸಕ್ಕೆ ಮನೆ ಬೇಕು, ಬಾಡಿಗೆದಾರರನ್ನು ಬಿಡಿಸಿಕೊಡಿ ಎಂದು ಮಾಲೀಕರು ಅರ್ಜಿ ಹಾಕಿದ್ದರು.

ಊರಿನಲ್ಲಿ ಬೇರೆಯೇ ಮಾತಿತ್ತು. ಶೇಂಗಾ ವ್ಯಾಪಾರಿಯೊಬ್ಬನಿಗೆ ಗೋದಾಮಿಗೆಂದು ಮನೆ ಕೊಡಲು ಅವರು ಒಪ್ಪಿದ್ದರಂತೆ. ಆದರೆ ಅದನ್ನು ಕೋರ್ಟಿಗೆ ಬಂದು ಹೇಳುವವರು ಯಾರೂ ಸಿಗಲಿಲ್ಲ. “ಅವರಿಗೆ ಖರೇನ ಮನಿ ಬೇಕು ಅಂತ ಜಡ್ಜ್ ಸಾಹೇಬ್ರಿಗೆ ಅನಿಸಿದ್ರ ಕಷ್ಟ ಐತಿ ನೋಡ್ರಿ” ಎಂದರು ನಮ್ಮ ವಕೀಲರು.

ಮಗಳು ಸಾಕ್ಷಿ ಹೇಳುವ ದಿನ ಅತ್ತೆಯನ್ನು ಎದುರು ಮನೆಯವರಿಗೆ ಒಪ್ಪಿಸಿ ಬಸ್ಸು ಹತ್ತಿದೆವು. ಅಪ್ಪ ಮಗಳು ಅದೇ ಬಸ್ಸಿನಲ್ಲಿದ್ದರು. ದಾರಿಯುದ್ದಕ್ಕೂ ಮಾಲೀಕರು ಅವಳ ಕಿವಿಯ ಹತ್ತಿರ ಬಾಗಿ ಏನೋ ಹೇಳಿಕೊಡುತ್ತಿದ್ದರು. ಇವಳ ಒಂದು ಮಾತಿನಿಂದ ಅತ್ತೆಯನ್ನು ಬೀದಿಗೆ ಎತ್ತಿಕೊಂಡು ಬರಬೇಕಾಗುತ್ತದಲ್ಲ ಎಂದುಕೊಂಡೆ.

ಕಟಕಟೆಯಲ್ಲಿ ಅವಳು ಸೆರಗು ಬಿಗಿಹಿಡಿದು ನಿಂತಳು.

“ನಿಮಗ ಇರಾಕ ಮನಿ ಬೇಕಾಗೈತೇನ್ರಿ?” ಅವರ ವಕೀಲರು ಕೇಳಿದರು.

“ಬೇಕ್ರಿ.”

ಎಲ್ಲ ಮುಗಿಯಿತು ಅಂದುಕೊಂಡೆ. ಅಷ್ಟರಲ್ಲಿ ಅವಳು ಜಡ್ಜರ ಕಡೆ ತಿರುಗಿದಳು.

“ನನಗ ಮನಿ ಬೇಕು ಸಾಹೇಬ್ರ. ಆದ್ರ ನಮ್ಮಪ್ಪ ನನಗ ಕೊಡಾಕ ಅಂತ ಕೇಳಿಲ್ರಿ, ಗೋದಾಮಿಗೆ ಕೇಳ್ಯಾನ. ಕೇಸ್ ಮುಗದ ಮ್ಯಾಲ ನನ್ನ ಗಂಡನ ಮನಿಗೆ ಕಳಸ್ತಾನ. ಕಳಸಂಗಿಲ್ಲ ಅಂತ ಇಲ್ಲೇ ಹೇಳ್ಲಿ.”

ಮಾಲೀಕರು ಎದ್ದು ನಿಂತರು. “ಗಂಡ ಇರೋ ಹೆಣ್ಮಗಳಿಗೆ ಬ್ಯಾರೆ ಮನಿ ಯಾಕ್ರಿ?”

ಅವರ ವಕೀಲರು ಅಂಗಿ ಜಗ್ಗಿ ಕೂಡಿಸುವ ಹೊತ್ತಿಗೆ ಮಾತು ಹೊರಬಿದ್ದಾಗಿತ್ತು. ಜಡ್ಜರು ಕನ್ನಡಕ ತೆಗೆದು ಅವರನ್ನೇ ನೋಡಿದರು.

ಅಂದು ಸಂಜೆ ನಮ್ಮ ಬಾಗಿಲು ಬಡಿದ ಸದ್ದಾಯಿತು. ಅವಳು ಒಂದು ಚೀಲ ಹಿಡಿದು ನಿಂತಿದ್ದಳು. ಅಪ್ಪ ಒಳಗೆ ಸೇರಿಸಿರಲಿಲ್ಲ.

ನನ್ನ ಗಂಡ ನನ್ನನ್ನು ಪಕ್ಕಕ್ಕೆ ಕರೆದರು. “ಬ್ಯಾರೇರನ್ನ ಇಟ್ಕಂಡ್ರ ಒಳಬಾಡಿಗಿ ಕೊಟ್ಟಾರ ಅಂತ ಇನ್ನೊಂದು ಕೇಸ್ ಹಾಕ್ತಾರ. ಇನ್ನಾ ತೀರ್ಪು ಬಂದಿಲ್ಲ.”

ಅವಳಿಗೂ ಕೇಳಿಸಿತು. “ನಾನು ಹೋಗ್ತೀನಿ ಬಿಡಕ್ಕ” ಎಂದಳು.

ಕತ್ತಲಾಗುತ್ತಿತ್ತು. ಹರಪನಹಳ್ಳಿಯ ಬಸ್ಸು ಬಿಟ್ಟರೆ ಅವಳಿಗೆ ಬೇರೆ ದಾರಿ ಯಾವುದಿತ್ತು? ನಾನು ಚೀಲ ಇಸಿದುಕೊಂಡೆ. “ಹಾಕ್ಲಿ ಬಿಡ್ರಿ. ನನ್ನ ಮಗಳೇ ಇವರ ಮನ್ಯಾಗ ಬಾಡಿಗಿಗೆ ಅದಾಳ ಅಂತ ಕೋರ್ಟಿನ್ಯಾಗ ಅವರ ಬಾಯಿಲೇ ಹೇಳ್ಬೇಕಾಗ್ತತಿ.” ನನ್ನ ಗಂಡ ಬಾಗಿಲಿನಿಂದ ಸರಿದು ನಿಂತರು.

ತೀರ್ಪು ಬರುವತನಕ ನಮಗೆ ನಿದ್ದೆ ಹತ್ತಲಿಲ್ಲ. ಮಾಲೀಕರು ಹಿತ್ತಲಿನ ನೀರು ನಿಲ್ಲಿಸಿದರು. ಒಮ್ಮೆ ಅವಳ ಗಂಡನೂ ಬಂದು ಓಣಿಯ ತುದಿಯಲ್ಲಿ ನಿಂತು ಹೋದ. ಕೊನೆಗೆ ಅರ್ಜಿ ವಜಾ ಆಯಿತು. ಮಾಲೀಕರು ಮೇಲಿನ ಕೋರ್ಟಿಗೆ ಹೋಗಲಿಲ್ಲ. ಮುಂದೆ ಅವಳಿಗೆ ಹಗರಿಬೊಮ್ಮನಹಳ್ಳಿಯ ಹೆಣ್ಣುಮಕ್ಕಳ ಹಾಸ್ಟೆಲ್ಲಿನಲ್ಲಿ ಅಡುಗೆ ಕೆಲಸ ಸಿಕ್ಕಿತು, ಇರಲು ಅಲ್ಲೇ ಒಂದು ಕೋಣೆಯೂ.

ಅತ್ತೆ ತೀರಿಕೊಂಡ ಮೇಲೆ ನಾವೇ ಆ ಮನೆ ಬಿಟ್ಟೆವು. ಕೀಲಿ ಕೊಡಲು ಹೋದಾಗ ಮಾಲೀಕರು ನನ್ನ ಮುಖ ನೋಡದೆ ಕೇಳಿದರು, “ಆಕಿ ಎಲ್ಲಿ ಅದಾಳ?”

ಕೇಳುತ್ತಿರುವುದು ಅಪ್ಪನಾಗಿಯೋ, ಅಳಿಯನ ಪರವಾಗಿಯೋ ತಿಳಿಯಲಿಲ್ಲ.

“ಚೆನ್ನಾಗಿ ಅದಾಳ್ರಿ” ಎಂದೆ. ಊರಿನ ಹೆಸರು ಹೇಳಲಿಲ್ಲ.