ಗಂಗಾಂಬಿಕಾ ಮತ್ತು ಒಂಟಿ ರಾಜ

ಹೂವಿನಹಡಗಲಿಯಲ್ಲಿ ಗಂಗಾಂಬಿಕಾ ಚದುರಂಗದಲ್ಲಿ ಸೋತದ್ದನ್ನು ಕಂಡವರು ಕಡಿಮೆ. ಇಟ್ಟಿಗಿ ಊರಿನಿಂದ ಸೊಸೆಯಾಗಿ ಬಂದ ವರ್ಷವೇ ಮಾವ ಬೆನಕಪ್ಪ ಆಕೆಗೆ ಆಟ ಕಲಿಸಿದ್ದರು. ಮಲ್ಲಿಗೆ ಮೊಗ್ಗು ಬಿಡಿಸಿ, ಹೊರೆ ಕಟ್ಟಿ, ಬಸ್ಸಿಗೆ ಹಾಕಿಸಿದ ಮೇಲೆ ಪಡಸಾಲೆಯಲ್ಲಿ ಚದುರಂಗದ ಬಟ್ಟೆಯ ಹಾಸು ಬಿಚ್ಚಿಕೊಳ್ಳುತ್ತಿತ್ತು. ಕೆಲವೇ ವರ್ಷಗಳಲ್ಲಿ ಸೊಸೆ ಗೆಲ್ಲತೊಡಗಿದಳು.

"ಸೊಸಿ ಕೈಲಿ ಸೋಲೋದು ರೂಢಿ ಆತೇನಲೇ ಬೆನಕ?" ಎಂದು ನೆರೆಮನೆಯ ದುರುಗಪ್ಪ ಕೆಣಕುತ್ತಿದ್ದ.

"ನಿನ್ನ ಮ್ಯಾಲೆ ಗೆಲ್ಲೋದಕ್ಕಿಂತ ಅದರಾಗ ಮರ್ಯಾದಿ ಐತಿ, ಹೋಗಲೇ."

ಆ ಮನೆಯ ಆಟ ಹಳೆಯ ಕಾಲದ್ದು. ಪ್ಯಾದೆಯೊಂದು ಎದುರಿನ ಕೊನೆಯ ಸಾಲನ್ನು ಮುಟ್ಟಿದರೆ, ಅದು ನಿಂತ ಮನೆ ಯಾರದೋ ಅವರೇ ಆಗಿ ಹುಟ್ಟಬೇಕಿತ್ತು: ಆನೆಯ ಮನೆಯಲ್ಲಿ ಆನೆ, ಒಂಟೆಯ ಮನೆಯಲ್ಲಿ ಒಂಟೆ. ಇನ್ನೊಂದು ನಿಯಮ ಇದಕ್ಕಿಂತಲೂ ಬಿಗಿಯಾದದ್ದು. ಎದುರಾಳಿಯ ಕೊನೆಯ ಕಾಯನ್ನೂ ಹೊಡೆದು ರಾಜನನ್ನು ಒಂಟಿ ಮಾಡಿದರೆ ಆಟ ಅಲ್ಲಿಗೇ ನಿಂತಂತೆ. ಗೆಲುವು ಯಾರಿಗೂ ಇಲ್ಲ. ಗೆಲ್ಲಬೇಕಾದವರು ಅವನ ಪಾಲಿಗೆ ಒಂದು ಪ್ಯಾದೆಯನ್ನಾದರೂ ಉಳಿಸಿ, ಆಮೇಲೆ ರಾಜನನ್ನು ತಪ್ಪಿಸಿಕೊಳ್ಳಲಾಗದಂತೆ ಕಟ್ಟಬೇಕು. "ಒಬ್ಬಂಟಿ ಮ್ಯಾಲೆ ಕೈ ಮಾಡೋದು ಆಟ ಅಲ್ಲವ್ವ, ಬ್ಯಾಟಿ ಆಡಿದಂಗ" ಎಂದು ಬೆನಕಪ್ಪ ಮೊದಲ ದಿನವೇ ಹೇಳಿಕೊಟ್ಟಿದ್ದರು.

ಪತ್ರಿಕೆಯಲ್ಲಿ ಗ್ರ್ಯಾಂಡ್‌ಮಾಸ್ಟರುಗಳ ಸುದ್ದಿ ಬಂದರೆ ಗಂಗಾಂಬಿಕಾ ಬಿಡದೆ ಓದುತ್ತಿದ್ದಳು. ಯಾರು ಯಾವ ವಯಸ್ಸಿಗೆ ಆ ಪದವಿ ಪಡೆದರು, ಯಾವ ದೇಶದ ಪಂದ್ಯದಲ್ಲಿ ಯಾರನ್ನು ಮಣಿಸಿದರು ಎಂಬುದೆಲ್ಲ ಅವಳಿಗೆ ತವರಿನ ಬಳಗದ ಸುದ್ದಿಯಷ್ಟೇ ಪರಿಚಿತ. ಸುದ್ದಿಯ ಕೆಳಗೆ ಇಂಗ್ಲಿಷ್ ಅಕ್ಷರ, ಅಂಕಿಗಳಲ್ಲಿ ಅಚ್ಚಾದ ನಡೆಗಳನ್ನು ಮಾತ್ರ ದಾಟಿಬಿಡುತ್ತಿದ್ದಳು. ಅವರು ಆಡುವುದೂ ತಾನು ಆಡುವುದೂ ಒಂದೇ ಎಂಬುದರಲ್ಲಿ ಅವಳಿಗೆ ಎಂದೂ ಸಂಶಯ ಮೂಡಿರಲಿಲ್ಲ.

ಎರಡು ಸಾವಿರದ ಇಸವಿಯ ಕೊನೆಗೆ ಭಾರತಕ್ಕೆ ವಿಶ್ವ ಚಾಂಪಿಯನ್ ಪಟ್ಟ ಬಂತು. ಸಣ್ಣ ಊರುಗಳಲ್ಲೂ ಚದುರಂಗದ ಹುಮ್ಮಸ್ಸು ಎದ್ದಿತು. ಹಡಗಲಿಯಲ್ಲಿ ಹೊಸದಾಗಿ ಹುಟ್ಟಿದ ಚದುರಂಗ ಸಂಘದ ಕಾರ್ಯದರ್ಶಿ, ಉಪನ್ಯಾಸಕ ಅರುಣಕುಮಾರ್, ಹೆಣ್ಣುಮಕ್ಕಳಿಗೊಂದು ತರಗತಿ ತೆರೆಯುವುದಾಗಿ ಸಾರಿದರು. ಕಲಿಸುವ ಕೆಲಸ ತನಗೆ ಬೇಕೆಂದು ಗಂಗಾಂಬಿಕಾ ಕೇಳಿದಳು. ಹೂವಿನ ಬುಟ್ಟಿಯ ಆಚೆ ತನ್ನದೆನ್ನುವ ಕೆಲಸವೊಂದನ್ನು ಅವಳು ಬಯಸಿದ್ದು ಅದೇ ಮೊದಲು. ಸಂಘದವರು ಹಿಂದೆಮುಂದೆ ನೋಡಿದರು.

"ಅಕ್ಕಾರ, ಮುಂದಿನ ತಿಂಗಳು ಚೆನ್ನೈಯಿಂದ ಗ್ರ್ಯಾಂಡ್‌ಮಾಸ್ಟರ್ ಬರ್ತಾರ. ಸಾಲಾಗಿ ಆಟದ ಮಣಿ ಹಾಕಿ ಎಲ್ಲಾರ ಜೊತಿ ಒಬ್ಬರೇ ಆಡ್ತಾರ. ನೀವು ಅವರನ್ನ ಗೆದ್ದು ಬರ್ರಿ, ತರಗತಿ ನಿಮ್ದ" ಎಂದರು ಅರುಣಕುಮಾರ್. ಹೊಸ ಆಟದಲ್ಲಿ ಪ್ಯಾದೆ ಮೊದಲ ಸಲ ಎರಡು ಮನೆ ಹಾರಬಹುದು, ರಾಜ ಆನೆಯೊಂದಿಗೆ ಸೇರಿ ಕೋಟೆ ಕಟ್ಟಿಕೊಳ್ಳಬಹುದು ಎಂದು ಎರಡು ಮಾತು ತಿಳಿಸಿದರು. ಉಳಿದದ್ದು ಅವಳಿಗೆ ಗೊತ್ತೇ ಇರುತ್ತದೆ ಎಂದು ಅವರು ಭಾವಿಸಿದರು. ಉಳಿದದ್ದೆಲ್ಲ ತನಗೆ ಗೊತ್ತಿರುವಂತೆಯೇ ಇದೆ ಎಂದು ಅವಳೂ ಭಾವಿಸಿದಳು.

ಪಂದ್ಯ ಕಲ್ಯಾಣ ಮಂಟಪದಲ್ಲಿ. ಗ್ರ್ಯಾಂಡ್‌ಮಾಸ್ಟರ್ ಇನ್ನೂ ಮೀಸೆ ಬಲಿಯದ ತರುಣ. ಮಣೆಯಿಂದ ಮಣೆಗೆ ನಡೆಯುತ್ತಲೇ ಕಾಯಿ ಸರಿಸುತ್ತಿದ್ದ. ಒಬ್ಬೊಬ್ಬರಾಗಿ ಸೋತವರು ಎದ್ದು ಗಂಗಾಂಬಿಕಾಳ ಹಿಂದೆ ಬಂದು ನಿಂತರು. ಒಂದು ಸುತ್ತಿನ ಅವಸರದಲ್ಲಿ ಅವನು ಅವಳ ಮಣೆಯಲ್ಲಿ ಆನೆಯೊಂದನ್ನು ಕಳೆದುಕೊಂಡಿದ್ದ. ಸಂಜೆಯ ಹೊತ್ತಿಗೆ ಅವಳ ಬಳಿ ರಾಜನೂ ಒಂದು ಆನೆಯೂ ಉಳಿದಿದ್ದರೆ, ಅವನ ಬಳಿ ಮೂಲೆಗೆ ಬಿದ್ದ ರಾಜ ಮತ್ತು ಕೊನೆಯ ಸಾಲಿಗೆ ಒಂದೇ ಹೆಜ್ಜೆ ದೂರದ ಪ್ಯಾದೆ.

ಅವಳ ಆನೆ ಆ ಪ್ಯಾದೆಯನ್ನು ಹೊಡೆಯಬಹುದಿತ್ತು. ಅವಳು ಹೊಡೆಯಲಿಲ್ಲ, ಹೊಡೆದರೆ ರಾಜ ಒಂಟಿಯಾಗಿ ಗೆಲುವು ಹೋಗುತ್ತಿತ್ತು. ಪ್ಯಾದೆ ಮುಂದಡಿಯಿಟ್ಟರೂ ಬೀಳುವುದು ಒಂಟೆಯ ಮನೆಗೆ. ಒಂಟೆ ಓರೆಯಾಗಿ ನಡೆಯುವ ಕಾಯಿ. ಅಲ್ಲಿಂದ ಅವಳ ರಾಜನನ್ನು ಮುಟ್ಟಲಾರದು. ಲೆಕ್ಕ ಸರಿಯಿತ್ತು. ತನ್ನ ರಾಜನನ್ನು ಪ್ಯಾದೆಯ ನೇರ ಸಾಲಿಗೇ ಸರಿಸಿ, ಮುಂದಿನ ನಡೆಗೆ ಅವನ ರಾಜನನ್ನು ಆನೆಯಿಂದ ಕಟ್ಟಿಬಿಡುವ ಸಿದ್ಧತೆ ಮಾಡಿ ಕೈ ತೆಗೆದಳು.

ಗ್ರ್ಯಾಂಡ್‌ಮಾಸ್ಟರ್ ಅರೆಗಳಿಗೆ ಅವಳ ಮುಖ ನೋಡಿದ. ಪ್ಯಾದೆಯನ್ನು ಮುಂದೆ ತಳ್ಳಿ, ಅದನ್ನೆತ್ತಿ, ಆ ಜಾಗದಲ್ಲಿ ಮಂತ್ರಿಯನ್ನು ಇಟ್ಟ. ನೇರ ಸಾಲಿನಲ್ಲಿ ಅವಳ ರಾಜನಿಗೆ ಚೆಕ್.

"ಇದೇನ್ರಿ! ಒಂಟೆ ಮನ್ಯಾಗ ಮಂತ್ರಿ ಹೆಂಗ ಹುಟ್ಯಾನ?"

ಯಾರೂ ನಗಲಿಲ್ಲ, ಏಕೆಂದರೆ ಯಾರಿಗೂ ಪ್ರಶ್ನೆಯೇ ಅರ್ಥವಾಗಲಿಲ್ಲ. ಅರುಣಕುಮಾರ್ ಬಗ್ಗಿ, ಯಾವ ಮನೆಯಲ್ಲಾದರೂ ಮಂತ್ರಿಯಾಗಬಹುದು ಎಂದರು. "ಪ್ಯಾದಿ ಹೊಡೀಬೇಕಿತ್ತಲ್ರಿ ಅಕ್ಕಾರ, ಯಾಕ ಬಿಟ್ರಿ?"

"ಹೊಡದ್ರ ರಾಜ ಒಂಟಿ ಆಗ್ತಾನಲ್ರಿ."

"ಆದ್ರ ಏನಾತ್ರಿ? ಆಮ್ಯಾಲೂ ಕಟ್ಟಬೌದು."

ಗಂಗಾಂಬಿಕಾ ಎದುರಿಗಿದ್ದ ತರುಣನನ್ನು ನೋಡಿದಳು. ವರ್ಷಗಟ್ಟಲೆ ಅವಳು ಸುದ್ದಿ ಓದಿ ಹೆಮ್ಮೆಪಟ್ಟ ಆ ದೊಡ್ಡವರೆಲ್ಲ ಒಂಟಿ ರಾಜರನ್ನು ಅಟ್ಟಿಸಿಕೊಂಡು ಹೋಗಿ ಕೊಂದೇ ಪದವಿ ಪಡೆದವರೇ?

ಅರುಣಕುಮಾರ್ ಇಂಗ್ಲಿಷಿನಲ್ಲಿ ವಿವರಿಸಿದಾಗ ಬೆರಗಾಗುವ ಸರದಿ ಗ್ರ್ಯಾಂಡ್‌ಮಾಸ್ಟರನದು. ತಾನಿಟ್ಟ ಮಂತ್ರಿಯನ್ನು ಅವನೇ ತೆಗೆದ. ಪ್ಯಾದೆಯನ್ನೂ ಅವಳ ರಾಜನನ್ನೂ ಹಿಂದಿನ ಮನೆಗಳಿಗೆ ಇಟ್ಟು, ಆಡಿ ಎಂದು ಕೈ ತೋರಿದ.

"ಹೊಡೀರಿ ಅಕ್ಕಾರ. ಗೆದ್ರ ತರಗತಿ ನಿಮ್ದ. ಎಲ್ಲಾರೂ ಸಾಕ್ಷಿ ಅದೀವಿ" ಎಂದರು ಅರುಣಕುಮಾರ್.

ಅವಳು ಆನೆಯ ಮೇಲೆ ಕೈಯಿಟ್ಟು ತೆಗೆದಳು, ಮತ್ತೆ ಇಟ್ಟಳು. ಕೊನೆಗೆ ಆನೆ ಪ್ಯಾದೆಯನ್ನು ಹೊಡೆಯಿತು. ಮುಂದಿನ ಆಟ ಕಷ್ಟದ್ದಲ್ಲ. ಒಂಟಿ ರಾಜ ಆಚೆ ಒಂದು ಹೆಜ್ಜೆ, ಈಚೆ ಒಂದು ಹೆಜ್ಜೆ ಇಟ್ಟ. ಅವನಿಗೆ ಮಾಡಲು ಬೇರೇನೂ ಇರಲಿಲ್ಲ. ಕಟ್ಟಿದಾಗ ಮಂಟಪದ ತುಂಬ ಚಪ್ಪಾಳೆ. ಗಂಗಾಂಬಿಕಾ ಸೆರಗಿನಿಂದ ಕೈ ಒರೆಸಿಕೊಂಡಳು.

ಸುದ್ದಿ ಅವಳಿಗಿಂತ ಮೊದಲೇ ಮನೆ ಮುಟ್ಟಿತ್ತು. "ಗ್ರ್ಯಾಂಡ್‌ಮಾಸ್ಟರ್‌ಗ ಮಣ್ಣು ಮುಕ್ಕಿಸ್ಯಾಳಲೇ ನಿನ್ನ ಸೊಸಿ!" ಎಂದು ದುರುಗಪ್ಪ ಪಡಸಾಲೆಯಲ್ಲಿ ಕೂಗಾಡುತ್ತಿದ್ದ. ಬೆನಕಪ್ಪನವರ ಮುಖ ಅರಳಿತ್ತು.

"ಹೆಂಗ ಕಟ್ಟಿದಿ ಗಂಗವ್ವ? ಎಷ್ಟು ಕಾಯಿ ಉಳಿಸಿದ್ದಿ ಅವಂಗ?"

ಸುಳ್ಳು ಹೇಳಬಹುದಿತ್ತು. "ಒಂದೂ ಇಲ್ರಿ ಮಾವ" ಎಂದಳು. "ಹೊಸ ಆಟದಾಗ ಹಂಗ ನಡೀತೈತ್ರಿ. ತರಗತಿ ನನಗ ಕೊಟ್ರು."

ಬೆನಕಪ್ಪ ಸೊಸೆಯನ್ನು ಪರಿಚಯವಿಲ್ಲದವಳಂತೆ ನೋಡಿದರು. ಹಾಸಿದ್ದ ಬಟ್ಟೆಯನ್ನು ಕಾಯಿಗಳ ಸಮೇತ ನಾಲ್ಕೂ ಮೂಲೆ ಹಿಡಿದು ಗಂಟು ಕಟ್ಟಿ, "ಒಳ್ಳೇದಾತವ್ವ" ಎಂದು ಎದ್ದು ಒಳಗೆ ಹೋದರು. ಸಿಟ್ಟು ಮಾಡಲಿಲ್ಲ. ಊಟಕ್ಕೆ ಬಂದರು, ಮಾತಾಡಿದರು. ಆದರೆ ತಾವಿರುವವರೆಗೂ ಸೊಸೆಯೊಂದಿಗೆ ಮತ್ತೆ ಆಟಕ್ಕೆ ಕೂರಲಿಲ್ಲ. ದುರುಗಪ್ಪನ ಮನೆಗೇ ಗಂಟು ಒಯ್ಯುತ್ತಿದ್ದರು.

ತರಗತಿ ಅದೇ ಪಡಸಾಲೆಯಲ್ಲಿ ನಡೆಯಿತು. ಹುಡುಗಿಯರು ಹೊಸಪೇಟೆಯವರೆಗೆ ಹೋಗಿ ಗೆದ್ದು ಬಂದರು. ಆನೆಯಿಂದ ಒಂಟಿ ರಾಜನನ್ನು ಕಟ್ಟುವ ಪಾಠವನ್ನು ಗಂಗಾಂಬಿಕಾ ಯಾರಿಗೂ ತಪ್ಪಿಸಲಿಲ್ಲ; ಅದು ಬಾರದಿದ್ದರೆ ಹೊರಗೆ ಉಳಿಗಾಲವಿಲ್ಲವೆಂದು ಅವಳಿಗೆ ಗೊತ್ತಿತ್ತು. ಆ ಪಾಠದ ದಿನ ಮಾತ್ರ ಮಾವ ಮನೆಯಲ್ಲಿಲ್ಲದ ಹೊತ್ತನ್ನೇ ಆರಿಸುತ್ತಿದ್ದಳು. ಮೊದಲ ಸಲ ಕಟ್ಟಿದ ಹುಡುಗಿ ಖುಷಿಯಿಂದ ಚಪ್ಪಾಳೆ ತಟ್ಟಿದರೆ, ಅವಳ ಎರಡೂ ಕೈಗಳನ್ನು ಮೆಲ್ಲಗೆ ಹಿಡಿದು ಕೆಳಗಿಳಿಸುತ್ತಿದ್ದಳು.