ಟ್ಯಾಂಕಿಗಿಂತ ಮೊದಲು ನಿಂತ ಬಾಗಿಲು

ಇದನ್ನು ಹೇಳುವುದನ್ನು ಬಹಳ ವರ್ಷ ಮುಂದೂಡಿದ್ದೇನೆ. ಯಾವ ಕೆಲಸ ಮೊದಲು, ಯಾವುದು ಆಮೇಲೆ ಎಂದು ಜೋಡಿಸುವುದೇ ನನ್ನ ಉದ್ಯೋಗವಾಗಿತ್ತು. ಈ ಒಂದು ಕೆಲಸವನ್ನು ಮಾತ್ರ ಪ್ರತಿಸಲ ಪಟ್ಟಿಯ ಕೊನೆಗೆ ತಳ್ಳಿದೆ. ಮೊನ್ನೆ ಬೀರು ಸರಿಮಾಡುವಾಗ ನನ್ನ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಕವರಿನೊಳಗಿಂದ ಅಂಗೈಯಗಲದ ಒಂದು ಹಳದಿ ರಟ್ಟು ಜಾರಿ ಬಿತ್ತು. ಅದರ ಮೇಲೆ ನೀಲಿ ಶಾಯಿಯಲ್ಲಿ ಒಂದು ಬಾಗಿಲಿನ ಚಿತ್ರ. ಅದನ್ನು ಮತ್ತೆ ಒಳಗಿಡಲು ಕೈ ಬರಲಿಲ್ಲ.

ನಾನು ಅರಸೀಕೆರೆಯವನು. ಎಸ್ಸೆಸ್ಸೆಲ್ಸಿ ಪಾಸು ಮಾಡಿ ಒಬ್ಬ ಕಂಟ್ರಾಕ್ಟರ್ ಬಳಿ ಹಾಜರಿ ಬರೆಯುವವನಾಗಿ ಸೇರಿದೆ. ಮೂವತ್ತೈದು ವರ್ಷ ಅಲ್ಲೇ ಇದ್ದು ಸೈಟ್ ಸೂಪರ್‌ವೈಸರ್ ಆಗಿ ನಿವೃತ್ತನಾದೆ. ಈಗ ಬರೆಯುತ್ತಿರುವುದು ನಿವೃತ್ತಿಗೆ ನಾಲ್ಕು ವರ್ಷ ಮುಂಚಿನ ಮಾತು. ಮಾದಿಹಳ್ಳಿಗೂ ಹಗರೆಗೂ ನಡುವಿನ ಒಂದು ಊರಿನಲ್ಲಿ ಹಾಲಿನ ಸೊಸೈಟಿಗೆ ಶೀತಲೀಕರಣ ಘಟಕ ಕಟ್ಟುವ ಕೆಲಸ ನಮಗೆ ಸಿಕ್ಕಿತ್ತು. ಸುತ್ತಲ ಹಳ್ಳಿಗಳ ಹಾಲು ಬೆಳಿಗ್ಗೆ ಸಂಜೆ ಬಂದು ಸೇರುವ ಜಾಗ. ಹಾಲು ಕೆಡದಂತೆ ತಣ್ಣಗಿಡುವ ದೊಡ್ಡ ಸ್ಟೀಲ್ ಟ್ಯಾಂಕ್ ಅಲ್ಲಿ ಕೂರಬೇಕಿತ್ತು. ನಾನು ದಿನಾ ಬೆಳಗಿನ ಹಳೇಬೀಡು ಬಸ್ಸು ಹಿಡಿದು ಹೋಗಿ, ಸಂಜೆ ಅದೇ ಬಸ್ಸಿನಲ್ಲಿ ಸಿಮೆಂಟು ಮೆತ್ತಿದ ಚಪ್ಪಲಿಯಲ್ಲಿ ವಾಪಸು ಬರುತ್ತಿದ್ದೆ. ಕಿಟಕಿ ಪಕ್ಕ ಕುಳಿತು ತೆಂಗಿನ ತೋಟಗಳು ಹಿಂದೆ ಸರಿಯುವುದನ್ನು ನೋಡುತ್ತ ನಾಳೆಯ ಕೆಲಸ ಲೆಕ್ಕ ಹಾಕುವುದು ನನಗೆ ಬಹಳ ಪ್ರಿಯವಾದ ಹೊತ್ತಾಗಿತ್ತು. ಈಗಲೂ ಬಸ್ಸು ಹತ್ತಿದರೆ ಬೆರಳು ತಾನಾಗಿ ಎಣಿಸತೊಡಗುತ್ತದೆ.

ಆ ಕೆಲಸ ಶುರುವಾಗುವ ಮುಂಚೆ ನಮ್ಮ ಎಂಜಿನಿಯರ್ ನನ್ನನ್ನು ಹಾಸನದಲ್ಲಿ ಎರಡು ದಿನದ ತರಬೇತಿಗೆ ಕಳಿಸಿದ್ದರು. ಕೆಲಸವನ್ನು ಯೋಜಿಸುವುದು ಹೇಗೆ ಎಂಬ ತರಬೇತಿ. ದೊಡ್ಡ ಕೆಲಸವನ್ನು ಸಣ್ಣಸಣ್ಣ ಕೆಲಸಗಳಾಗಿ ಒಡೆಯಿರಿ, ಒಂದೊಂದಕ್ಕೂ ಒಂದು ಕಾರ್ಡು ಮಾಡಿ, ಕಾರ್ಡಿನ ಮೇಲೆ ನಾಲ್ಕು ಸಂಗತಿ ಬರೆಯಿರಿ ಎಂದು ಅಲ್ಲಿ ಹೇಳಿಕೊಟ್ಟರು. ಏನು ಮಾಡಬೇಕು, ಯಾವುದು ಮುಗಿದ ಮೇಲೆ ಮಾಡಬೇಕು, ಎಷ್ಟು ದಿನ ಬೇಕು, ಯಾರು ಮಾಡಬೇಕು. ಒಂದು ಕೆಲಸ ಇನ್ನೊಂದಕ್ಕಾಗಿ ಕಾಯುವುದಕ್ಕೆ ಅವರು ಡಿಪೆಂಡೆನ್ಸಿ ಎನ್ನುತ್ತಿದ್ದರು. ಕಾರ್ಡಿನ ಜಾಗ ಬದಲಿಸಿದರೆ ಬದಲಿಸಿದವರು ಅದರ ಹಿಂದೆ ಸಹಿ ಹಾಕಿ ಕಾರಣ ಬರೆಯಬೇಕು ಎಂದೂ ಹೇಳಿದ್ದರು. ಇದೊಂದು ಅತಿಯಾಯಿತು ಎನಿಸಿ ನಾನು ಅದನ್ನು ಕೈಬಿಟ್ಟೆ.

ಸೈಟಿಗೆ ಬಂದವನೇ ಸಿಮೆಂಟಿನ ಶೆಡ್ಡಿನ ಗೋಡೆಗೆ ಒಂದು ಪ್ಲೈವುಡ್ ಹಲಗೆ ಹೊಡೆಸಿ, ಸಾಲಾಗಿ ಮೊಳೆ ಬಡಿಸಿ, ಇಪ್ಪತ್ತಾರು ಹಳದಿ ರಟ್ಟು ನೇತುಹಾಕಿದೆ. ಕೆಲಸದವರಲ್ಲಿ ಓದು ಬಾರದವರು ಹೆಚ್ಚು ಇದ್ದುದರಿಂದ ಪ್ರತಿ ರಟ್ಟಿನ ಮೇಲೂ ಒಂದು ಚಿತ್ರ ಬರೆದೆ. ತಾರಸಿ, ಕೊಳಾಯಿ, ಬಲ್ಬು, ಬಾಗಿಲು. ನನ್ನ ಚಿತ್ರಕಲೆ ನೋಡಿ ಮೊದಲು ನಕ್ಕವರು ಗಾರೆಯವರ ಮೇಸ್ತ್ರಿ.

"ಇದೇನ್ ಸಾರ್, ಟ್ಯಾಂಕೋ, ಎಮ್ಮೆ ಮಲಗೈತೋ?"

ಅಂದಿನಿಂದ ಆ ಸೈಟಿನಲ್ಲಿ ಟ್ಯಾಂಕಿಗೆ ಎಮ್ಮೆ ಎಂದೇ ಹೆಸರಾಯಿತು. ನನ್ನ ಹಲಗೆಗೆ ಸಾರ್ ಪಂಚಾಂಗ ಎಂದು ಹೆಸರಿಟ್ಟವರೂ ಅವರೇ. ಬೆಳಿಗ್ಗೆ ಬಂದು ತಲೆಯ ಟವೆಲ್ಲು ಬಿಚ್ಚಿ ಕೊಡವಿಕೊಳ್ಳುತ್ತ "ಇವತ್ತು ಪಂಚಾಂಗ ಏನಂತದೆ?" ಎಂದು ಹಲಗೆಯ ಮುಂದೆ ನಿಲ್ಲುವರು. ಅಕ್ಷರ ಬಾರದಿದ್ದರೂ ಎರಡೇ ದಿನದಲ್ಲಿ ಆ ಹಲಗೆಯನ್ನು ನನಗಿಂತ ಚೆನ್ನಾಗಿ ಓದುವುದು ಕಲಿತರು.

ಮೇಸ್ತ್ರಿಯ ಬಗ್ಗೆ ಒಂದು ವಿಷಯ ಇಲ್ಲಿ ಹೇಳಬೇಕು. ಗೋಡೆ ಕಟ್ಟುವವರು ಬೇಕಾದಷ್ಟು ಜನ ಇದ್ದರು. ಇವರು ಹೆಸರಾಗಿದ್ದು ಬಾಗಿಲು ನಿಲ್ಲಿಸುವುದಕ್ಕೆ. ನಮ್ಮ ಕಡೆ ಮನೆ ಕಟ್ಟುವಾಗ ಮುಂಬಾಗಿಲಿನ ಚೌಕಟ್ಟು ನಿಲ್ಲಿಸುವುದೆಂದರೆ ಒಂದು ಶುಭಕಾರ್ಯ. ಒಳ್ಳೆಯ ದಿನ ನೋಡಿ, ಚೌಕಟ್ಟಿಗೆ ಅರಿಸಿನ ಕುಂಕುಮ ಹಚ್ಚಿ, ನವಧಾನ್ಯದ ಗಂಟು, ಮಾವಿನ ಸೊಪ್ಪು ಕಟ್ಟಿ ನಿಲ್ಲಿಸುತ್ತಾರೆ. ದಿನ ಕೇಳಿ ಬರುವುದು, ಎಲೆ ಅಡಿಕೆ ಹಿಡಿದು ಯಜಮಾನರನ್ನು ಕರೆಯುವುದು ಮೇಸ್ತ್ರಿಯದೇ ಕೆಲಸ. ಇವರ ಕೈಯಲ್ಲಿ ನಿಂತ ಬಾಗಿಲು ಮನೆಗೆ ಒಳ್ಳೆಯದು ಮಾಡುತ್ತದೆ ಎಂಬ ನಂಬಿಕೆ ಹಗರೆ ಸುತ್ತ ಇತ್ತು. ಗೋಡೆಯೆಲ್ಲ ಬೇರೆಯವರಿಂದ ಕಟ್ಟಿಸಿದವರು ಕೂಡ ಆ ಒಂದು ದಿನಕ್ಕೆ ಇವರನ್ನು ಕರೆಯುತ್ತಿದ್ದರು. ಒಂದು ತೆಂಗಿನಕಾಯಿ, ಒಂದು ಪಂಚೆ, ಊಟದಲ್ಲಿ ಮೊದಲ ಎಲೆ. ಇನ್ನೂರು ಬಾಗಿಲು ದಾಟಿದೆ ಸಾರ್ ಎಂದು ಒಮ್ಮೆ ನನಗೆ ಹೇಳುವಾಗ ಅವರ ಬೆನ್ನು ನೆಟ್ಟಗಾಗಿದ್ದು ನೆನಪಿದೆ.

ನನ್ನ ಹಲಗೆಯಲ್ಲಿ ಟ್ಯಾಂಕಿನ ಕಾರ್ಡು ಮೊದಲು, ಬಾಗಿಲಿನದು ಅದರ ನಂತರ ಇತ್ತು. ದೊಡ್ಡ ಯಂತ್ರ ಒಳಗೆ ಹೋದ ಮೇಲೆಯೇ ರಸ್ತೆ ಕಡೆಯ ಗೋಡೆ ಕಟ್ಟಬೇಕು ಎಂಬುದು ಎಂಜಿನಿಯರ್ ಹಾಕಿದ ಕ್ರಮ. ಮೂರು ಗೋಡೆ ಎದ್ದು, ತಾರಸಿ ಹಾಕಿ ಮುಗಿದು, ಮುಂದಿನ ಭಾಗ ತೆರೆದೇ ಇತ್ತು. ಅಷ್ಟರಲ್ಲಿ ಟ್ಯಾಂಕ್ ಬರುವುದು ಹನ್ನೆರಡು ದಿನ ತಡವೆಂದು ಫೋನ್ ಬಂತು. ಗಾರೆಯವರನ್ನು ಹನ್ನೆರಡು ದಿನ ಸುಮ್ಮನೆ ಕೂರಿಸಿದರೆ ಬೇರೆ ಕಡೆ ಹೋಗಿಬಿಡುತ್ತಾರೆ. ಜೊತೆಗೆ ಮುಂದಿನ ಶನಿವಾರ ಎಂಜಿನಿಯರ್ ಬಂದಾಗ ಹಲಗೆಯಲ್ಲಿ ಏನೂ ಮುಂದೆ ಸರಿದಿರುವುದಿಲ್ಲ. ಇದು ನನಗೆ ಸಹಿಸಲಾಗದ ವಿಷಯವಾಗಿತ್ತು. ಒಂದು ಸಂಜೆ ಬಾಗಿಲಿನ ಕಾರ್ಡು ಕಿತ್ತು ಟ್ಯಾಂಕಿನ ಮುಂದಕ್ಕೆ ನೇತುಹಾಕಿದೆ. ನಾನು ನೋಡಿದ್ದ ನಕ್ಷೆಯ ಪ್ರಕಾರ ಟ್ಯಾಂಕಿನ ಅಗಲ ನಾಲ್ಕೂವರೆ ಅಡಿ, ಬಾಗಿಲು ಐದಡಿ. ಹೇಗೂ ಹಿಡಿಸುತ್ತದೆ ಎಂದುಕೊಂಡೆ.

ಬೆಳಿಗ್ಗೆ ಮೇಸ್ತ್ರಿ ಹಲಗೆ ನೋಡಿ ನನ್ನ ಹತ್ತಿರ ಬಂದರು.

"ಎಮ್ಮೆ ಒಳಕ್ಕೆ ಬರ್ದೆ ಕೊಟ್ಟಿಗೆ ಬಾಗ್ಲು ಹಾಕ್ಬಾರ್ದು ಸಾರ್. ಬೇಕಾದ್ರೆ ಹಿಂದ್ಗಡೆ ಗಾರೆ ಮುಗಿಸ್ತೀವಿ. ಇದೊಂದು ಈಗ್ಲೇ ಬ್ಯಾಡ."

"ಅಳತೆ ನೋಡಿದ್ದೀನಿ, ಹಿಡಿಸುತ್ತೆ" ಎಂದೆ.

"ನೀವ್ ನೋಡಿದ್ರೆ ಸರಿ ಬಿಡಿ. ಆದ್ರೆ ಒಂದ್ಸಲ ನಿಲ್ಸಿದ್ಮೇಲೆ ಕೀಳಾಂಗಿಲ್ಲ. ಅದೊಂದ್ ನೆನಪಿಟ್ಕಳಿ."

ಸೋಮವಾರಕ್ಕೆ ಒಳ್ಳೆಯ ಹೊತ್ತಿದೆ ಎಂದು ಅವರೇ ಕೇಳಿಕೊಂಡು ಬಂದರು. ಅವರೇ ಹೋಗಿ ಸೊಸೈಟಿಯ ಅಧ್ಯಕ್ಷರನ್ನು ಕರೆದರು. ಆ ದಿನ ನಾನು ಕಬ್ಬಿಣ ತರಲು ಅರಸೀಕೆರೆಯಲ್ಲೇ ಉಳಿದಿದ್ದೆ. ಮಂಗಳವಾರ ಹೋದಾಗ ಬಾಗಿಲು ನಿಂತಿತ್ತು, ಮಾವಿನ ಸೊಪ್ಪು ಇನ್ನೂ ಬಾಡಿರಲಿಲ್ಲ. ಗುರುವಾರದ ಹೊತ್ತಿಗೆ ಅದರ ಎರಡೂ ಪಕ್ಕ ಗೋಡೆ ತಾರಸಿಗೆ ಮುಟ್ಟಿತು.

ತಡವಾಗುತ್ತದೆ ಎಂದಿದ್ದ ಟ್ಯಾಂಕ್ ಹೇಳಿದ್ದಕ್ಕಿಂತ ಬೇಗ, ಶುಕ್ರವಾರವೇ ಬಂತು. ಲಾರಿ ಹಗರೆ ದಾಟಿದೆ, ಎಂಜಿನಿಯರ್ ಕೂಡ ಹಿಂದೆಯೇ ಬರುತ್ತಿದ್ದಾರೆ ಎಂದು ಫೋನ್ ಬಂದಾಗ ಶೆಡ್ಡಿನಲ್ಲಿ ನಾನೊಬ್ಬನೇ ಇದ್ದೆ. ಟ್ಯಾಂಕ್ ಕೂರಿಸುವ ಕಟ್ಟೆಯ ಅಳತೆ ಇನ್ನೊಮ್ಮೆ ನೋಡೋಣವೆಂದು ಚೀಲದಿಂದ ಕಾಗದಗಳನ್ನು ತೆಗೆದೆ. ನಕ್ಷೆಯ ಹಿಂದೆ ಒಂದು ಪತ್ರ ಮಡಚಿಕೊಂಡಿತ್ತು. ತಿಂಗಳ ಹಿಂದೆಯೇ ನನ್ನ ಕೈಸೇರಿದ್ದು. ಹಾಲು ಹೆಚ್ಚಿರುವುದರಿಂದ ಸೊಸೈಟಿಯವರು ದೊಡ್ಡ ಟ್ಯಾಂಕಿಗೆ ಬದಲಾಯಿಸಿದ್ದಾರೆ, ಅಗಲ ಆರು ಅಡಿ ಎಂದು ಅದರಲ್ಲಿತ್ತು. ನಾನು ಅದನ್ನು ಬಿಚ್ಚಿಯೇ ಇರಲಿಲ್ಲ.

ಆಗ ನಾನು ಮಾಡಿದ್ದನ್ನು ಇಲ್ಲಿ ಸ್ಪಷ್ಟವಾಗಿ ಬರೆಯುತ್ತೇನೆ. ಎದ್ದು ಹೋಗಿ ಬಾಗಿಲಿನ ಕಾರ್ಡನ್ನು ಕಿತ್ತು, ಅದರ ಹಳೆಯ ಮೊಳೆಗೆ, ಟ್ಯಾಂಕಿನ ನಂತರಕ್ಕೆ, ವಾಪಸು ನೇತುಹಾಕಿದೆ. ಹಿಂದೆ ಯಾರ ಸಹಿಯೂ ಇರಲಿಲ್ಲವಲ್ಲ. ಅರ್ಧ ನಿಮಿಷದ ಕೆಲಸ.

ಲಾರಿ ಬಂದು ನಿಂತಿತು. ಡ್ರೈವರ್ ಇಳಿದು ಬಾಗಿಲು ನೋಡಿದ, ಟ್ಯಾಂಕ್ ನೋಡಿದ, ಬೀಡಿ ಹಚ್ಚಿಕೊಂಡು ಮರದ ನೆರಳಿಗೆ ಹೋದ. ಎಂಜಿನಿಯರ್ ಅಧ್ಯಕ್ಷರನ್ನು ಕರೆದುಕೊಂಡು ನೇರ ಶೆಡ್ಡಿಗೆ ಬಂದರು. ಮೇಸ್ತ್ರಿಯೂ ಬಂದು ನಿಂತರು. ಎಂಜಿನಿಯರ್ ಹಲಗೆಯ ಮೇಲೆ ಬೆರಳಿಟ್ಟು, ಟ್ಯಾಂಕ್ ಆದ ಮೇಲೆ ಬಾಗಿಲು ಅಂತ ಇಲ್ಲೇ ಇದೆಯಲ್ಲ, ಯಾರು ಮೊದಲೇ ನಿಲ್ಲಿಸಿದ್ದು ಎಂದು ಕೇಳಿದರು. ದಿನ ಕೇಳಿದ್ದು, ನಮ್ಮನ್ನು ಕರೆದಿದ್ದು ಎಲ್ಲ ಮೇಸ್ತ್ರಿಯೇ ಎಂದರು ಅಧ್ಯಕ್ಷರು. ಎಂಜಿನಿಯರ್ ನನ್ನ ಕಡೆ ತಿರುಗಿದರು.

"ಆ ದಿನ ನಾನು ಅರಸೀಕೆರೆಯಲ್ಲಿದ್ದೆ ಸಾರ್" ಎಂದೆ. ಅಷ್ಟೇ ಹೇಳಿದ್ದು. ಅದು ನಿಜವೂ ಆಗಿತ್ತು.

ಮೇಸ್ತ್ರಿ ಹಲಗೆಯನ್ನು ನೋಡಿದರು. ಬಾಗಿಲಿನ ಚಿತ್ರ ಎಲ್ಲಿದೆ ಎಂದು ಅವರ ಕಣ್ಣು ಹುಡುಕಿದ್ದು, ಸಿಕ್ಕಿದ್ದು, ಅಲ್ಲೇ ನಿಂತದ್ದು ನನಗೆ ಕಾಣಿಸಿತು. ಆಮೇಲೆ ನನ್ನನ್ನು ನೋಡಿದರು. ನಾನು ಕೈಯಲ್ಲಿದ್ದ ಕಾಗದಗಳನ್ನು ಸರಿಪಡಿಸಿಕೊಳ್ಳುತ್ತಿದ್ದೆ.

"ಬೋರ್ಡಲ್ಲಿ ಹಂಗೈತೆ ಅಂದ್ರೆ ಹಂಗೇ ಸಾರ್" ಎಂದರು. "ಕೀಳ್ತೀನಿ. ಬ್ಯಾರೆಯವ್ರು ಮುಟ್ಟೋದು ಬ್ಯಾಡ."

ಕೂಲಿಯವರನ್ನೆಲ್ಲ ದೂರ ನಿಲ್ಲಿಸಿ ಬಾಗಿಲಿನ ಮುಂದೆ ಕರ್ಪೂರ ಹಚ್ಚಿದರು. ಒಂದು ಕಾಯಿ ಒಡೆದರು. ಹೊಸ್ತಿಲಿಗೆ ಕೈಯಿಟ್ಟು "ತಪ್ಪಾಯ್ತು ಕಣವ್ವ" ಎಂದರು. ನಾನು ಎರಡು ಮಾರು ದೂರದಲ್ಲಿದ್ದೆ. ಆಮೇಲೆ ಉಳಿ ಸುತ್ತಿಗೆ ಹಿಡಿದು ಪಕ್ಕದ ಗೋಡೆಯನ್ನು ಒಂದೊಂದೇ ಇಟ್ಟಿಗೆಯಾಗಿ ಬಿಡಿಸಿ, ಚೌಕಟ್ಟಿಗೆ ಒಂದು ಗೀರೂ ಆಗದಂತೆ ಕಿತ್ತು ಗೋಡೆಗೆ ಒರಗಿಸಿದರು. ಮಧ್ಯಾಹ್ನ ಕಬ್ಬಿಣದ ಪೈಪುಗಳ ಮೇಲೆ ಟ್ಯಾಂಕನ್ನು ಉರುಳಿಸಿ ಒಳಗೆ ತಂದೆವು. ಎಮ್ಮೆ ಬಂತು ಎಂದು ಆ ದಿನ ಯಾರೂ ತಮಾಷೆ ಮಾಡಲಿಲ್ಲ. ಬಾಗಿಲು ಮತ್ತೆ ನಿಲ್ಲಿಸುವಾಗ ಬೇರೆ ಕೈ ಇರಲಿ ಎಂದರು ಅಧ್ಯಕ್ಷರು. ಮಾದಿಹಳ್ಳಿಯಿಂದ ಇನ್ನೊಬ್ಬರು ಬಂದು ನಿಲ್ಲಿಸಿದರು. ಘಟಕ ಹೇಳಿದ ದಿನಕ್ಕೆ ಶುರುವಾಯಿತು. ಹಲಗೆ ಬಹಳ ಚೆನ್ನಾಗಿದೆ ಎಂದು ಎಂಜಿನಿಯರ್ ಅದರ ಫೋಟೊ ತೆಗೆದುಕೊಂಡರು. ಹಲಗೆ ಬಿಚ್ಚುವ ದಿನ ಬಾಗಿಲಿನ ಕಾರ್ಡನ್ನು ನಾನು ಜೇಬಿಗೆ ಹಾಕಿಕೊಂಡೆ.

ನಿಂತ ಬಾಗಿಲು ಕಿತ್ತ ಕೈ ಎಂಬ ಮಾತು ಹಾಲಿನ ಕ್ಯಾನುಗಳ ಜೊತೆಯಲ್ಲೇ ಹಳ್ಳಿಹಳ್ಳಿಗೆ ಹೋಯಿತು. ಗಾರೆಗೆ, ನೆಲಕ್ಕೆ, ಕಾಂಪೌಂಡಿಗೆ ಅವರನ್ನು ಕರೆಯುತ್ತಿದ್ದರು. ಬಾಗಿಲಿಗೆ ಯಾರೂ ಕರೆಯಲಿಲ್ಲ. ಇದು ನನಗೆ ಗೊತ್ತಿತ್ತು. ಆ ದಾರಿಯ ಬಸ್ಸಿನಲ್ಲೇ ನಾನು ಓಡಾಡುತ್ತಿದ್ದೆನಲ್ಲ.

ನಿವೃತ್ತಿಯಾಗಿ ಮೂರ್ನಾಲ್ಕು ವರ್ಷದ ಮೇಲೆ ಅರಸೀಕೆರೆಯಲ್ಲಿ ಸ್ವಂತದ್ದೊಂದು ಸಣ್ಣ ಮನೆ ಕಟ್ಟಿಸಿದೆ. ಬಾಗಿಲು ನಿಲ್ಲಿಸುವುದಕ್ಕೆ ಆ ಮೇಸ್ತ್ರಿಯನ್ನೇ ಕರೆಸಿ ಎಂದು ನನ್ನ ಹೆಂಡತಿ ಹೇಳಿದಳು. ನಾನು ಅವರ ಕೈಗುಣವನ್ನು ಎಷ್ಟೋ ಸಲ ಅವಳ ಮುಂದೆ ಹೊಗಳಿದ್ದೆ. ಆಗ ಒಮ್ಮೆ ಕರೆದಿದ್ದರೆ, ಆ ಘಟಕದ ಸೂಪರ್‌ವೈಸರೇ ತನ್ನ ಮನೆಗೆ ಕರೆದನಂತೆ ಎಂಬ ಮಾತೂ ಅದೇ ಕ್ಯಾನುಗಳ ಜೊತೆ ಊರೂರಿಗೆ ಹೋಗುತ್ತಿತ್ತು. ನೋಡೋಣ ಎಂದೆ.

ಅದೇ ವಾರ ಬೇಲೂರಿಗೆ ಹೋಗಿ ಬರುವಾಗ ಹಗರೆಯ ಬಸ್ ಸ್ಟಾಪಿನಲ್ಲಿ ಅವರು ಸಿಕ್ಕಿದರು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಕರಣೆಯ ಚೀಲ ತೊಡೆಯ ಮೇಲಿತ್ತು. ಪಕ್ಕಕ್ಕೆ ಸರಿದು ಜಾಗ ಕೊಟ್ಟರು. ಮಂಡಿ ನೋವು, ಮಳೆ, ರಾಗಿ ಎಲ್ಲ ಮಾತಾಯಿತು. ಆಮೇಲೆ, ಚೀಲದ ದಾರ ಬಿಗಿ ಮಾಡುತ್ತ ಕೇಳಿದರು.

"ಮನೆ ಕಟ್ಟುಸ್ತಾ ಇದೀರಂತೆ?"

"ಹೌದು ಮೇಸ್ತ್ರಿ."

"ಬಾಗ್ಲು?"

"ನಿಲ್ಲಿಸಾಯ್ತು" ಎಂದೆ. ನಿಲ್ಲಿಸಿರಲಿಲ್ಲ. ಚೌಕಟ್ಟು ಇನ್ನೂ ಮರಗೆಲಸದವರ ಅಂಗಡಿಯಲ್ಲಿತ್ತು.

ಅವರು ದಾರಕ್ಕೆ ಗಂಟು ಹಾಕಿದರು. "ಒಳ್ಳೇದಾಗ್ಲಿ ಸಾರ್. ಎಮ್ಮೆ ಹಿಡಿಸ್ತದಾ ನೋಡ್ಕಂಡ್ರಾ?" ಎಂದು ನಕ್ಕರು. ಏಳೆಂಟು ವರ್ಷದಲ್ಲಿ ಅದರ ಬಗ್ಗೆ ಅವರು ನನಗೆ ಹೇಳಿದ್ದು ಅಷ್ಟೇ. ನಾನು ಬಾಯಿ ತೆರೆಯುವುದರೊಳಗೆ ಬಸ್ಸು ಬಂತು ಎಂದು ಬರೆಯಬಹುದು. ಆದರೆ ಬಸ್ಸು ಬಂದದ್ದು ಕಾಲು ಗಂಟೆಯ ನಂತರ. ಆ ಕಾಲು ಗಂಟೆಯೂ ನಾವು ಪಕ್ಕಪಕ್ಕದಲ್ಲೇ ಕುಳಿತಿದ್ದೆವು.

ಹೋದ ವರ್ಷ ಅವರು ತೀರಿಕೊಂಡರೆಂದು ಹಾಲಿನ ವ್ಯಾನಿನವರಿಂದ ತಿಳಿಯಿತು. ಇನ್ನೂರ ಚಿಲ್ಲರೆ ಬಾಗಿಲುಗಳಲ್ಲಿ ಕೊನೆಯದು ನಮ್ಮ ಘಟಕದ್ದು.

ಯೋಜನೆ ಹಾಕುವ ಕೆಲಸ ನನಗೆ ಕಲಿಸಿದ್ದೇನು ಎಂದು ಹೊಸಬರು ಕೇಳಿದರೆ ಈಗ ಇಷ್ಟೇ ಹೇಳುತ್ತೇನೆ. ಬಂದ ಪತ್ರವನ್ನು ಅಂದೇ ಬಿಚ್ಚಿ ಓದಿ. ಕೈಕೆಲಸ ಮಾಡುವವರು ಬೇಡ ಎಂದರೆ ಆ ದಿನ ಕಾರ್ಡು ಕದಲಿಸಬೇಡಿ. ಕದಲಿಸಿದರೆ ಹಿಂದೆ ನಿಮ್ಮ ಹೆಸರು ಬರೆಯಿರಿ. ಯಾರು ಮಾಡಬೇಕು ಎಂಬ ಕಡೆ ಆ ಮನುಷ್ಯರ ಹೆಸರು ಬರೆಯಿರಿ, ಕಸುಬು ಬರೆದು ಸುಮ್ಮನಾಗಬೇಡಿ.

ಆ ಹಳದಿ ರಟ್ಟು ಈಗ ನನ್ನ ಮುಂದಿದೆ. ಎಲೆಕ್ಟ್ರಿಷಿಯನ್, ಪ್ಲಂಬರ್ ಎಲ್ಲರ ಹೆಸರನ್ನೂ ಅವರವರ ಕಾರ್ಡಿನಲ್ಲಿ ಬರೆದಿದ್ದ ನಾನು ಇದರಲ್ಲಿ ಬರಿ ಮೇಸ್ತ್ರಿ ಎಂದು ಬರೆದಿದ್ದೇನೆ. ಈ ಬರಹದಲ್ಲೂ ಇಲ್ಲಿಯವರೆಗೆ ಹಾಗೆಯೇ ಕರೆದೆ. ಇವತ್ತು ರಟ್ಟನ್ನು ಮಗುಚಿ, ಜಾಗ ಬದಲಿಸಿದವನು ನಾನು, ಎರಡು ಸಲವೂ, ಎಂದು ಬರೆದು ಸಹಿ ಹಾಕಿದೆ. ಮತ್ತೆ ಮುಂದಕ್ಕೆ ತಿರುಗಿಸಿ, ಬಾಗಿಲಿನ ಚಿತ್ರದ ಕೆಳಗೆ, ಯಾರು ಎಂಬಲ್ಲಿ, ಮೇಸ್ತ್ರಿ ಎಂದಿದ್ದುದನ್ನು ಹೊಡೆದುಹಾಕಿ ತುಂಬಿದೆ: ಹಗರೆ ಕಡೆಯ ಮರಿಸಿದ್ದಯ್ಯನವರು.